ಸಂಶೋಧನಾ ಪ್ರಬಂಧದಿಂದ ಚಿತ್ರಕಥೆಗೆ: ಸೈನ್ಸ್ ಫಿಕ್ಷನ್ ಸಿನಿಮಾ ಬರೆಯುವವರಿಗೊಂದು ಸಮಗ್ರ ಮಾರ್ಗದರ್ಶಿ

ಸೈನ್ಸ್ ಫಿಕ್ಷನ್ ಚಿತ್ರ ಮಾಡಹೊರಟ ಹೊಸಬರ ಸ್ಕ್ರಿಪ್ಟುಗಳನ್ನು ಓದಿ ಅಭಿಪ್ರಾಯ ಹೇಳುವ ಕೆಲಸ ಆಗಾಗ ನನ್ನ ಪಾಲಿಗೆ ಬರುತ್ತದೆ. ಅವುಗಳಲ್ಲಿ ಬಹುಪಾಲು ಒಂದೇ ಜಾಗದಲ್ಲಿ ಮುಗ್ಗರಿಸುತ್ತವೆ. ಕೆಲವರು ಕಥೆಯನ್ನು ಪೂರ್ತಿ ಬರೆದು ಮುಗಿಸಿದ ಮೇಲೆ ‘ಕ್ವಾಂಟಮ್’, ‘ಡಾರ್ಕ್ ಮ್ಯಾಟರ್’ ಎಂಬ ಪದಗಳನ್ನು ಒಗ್ಗರಣೆಯಂತೆ ಮೇಲಿನಿಂದ ಹಾಕಿರುತ್ತಾರೆ. ಇನ್ನು ಕೆಲವರು ತಿಂಗಳುಗಟ್ಟಲೆ ಓದಿದ್ದನ್ನೆಲ್ಲ ಒಬ್ಬ ಪ್ರೊಫೆಸರ್ ಪಾತ್ರದ ಬಾಯಿಗೆ ತುರುಕಿ, ಇಪ್ಪತ್ತು ನಿಮಿಷದ ಕಿರುಚಿತ್ರದಲ್ಲಿ ಎಂಟು ನಿಮಿಷ ಪಾಠ ಮಾಡಿಸಿರುತ್ತಾರೆ. ಎರಡೂ ತಪ್ಪುಗಳ ಬೇರು ಒಂದೇ. ಮಾಡಬೇಕಾದ ಕೆಲಸಗಳ ಕ್ರಮ ಹಿಂದುಮುಂದಾಗಿದೆ. ಸಂಶೋಧನೆಯಿಂದ ಕಥೆಗೆ ಸಿಗುವ ಅತಿ ದೊಡ್ಡ ಆಸ್ತಿ ಎಂದರೆ ಮಿತಿ: ಇದಕ್ಕಿಂತ ವೇಗವಾಗಿ ಹೋಗಲಾಗದು, ಇದಕ್ಕಿಂತ ಹೆಚ್ಚು ಹೊತ್ತು ಉಸಿರಾಡಲಾಗದು, ಇದನ್ನು ಎರಡನೆಯ ಸಲ ಅಳೆಯಲಾಗದು ಎಂಬ ಮಾತು. ಆ ಮಿತಿಯನ್ನು ಮೊದಲು ಹಿಡಿದುಕೊಂಡು ಅಲ್ಲಿಂದ ಕಥೆಯನ್ನು ಬೆಳೆಸುವ ಕ್ರಮವನ್ನು ಇಲ್ಲಿ ಹಂತ ಹಂತವಾಗಿ ಬರೆದಿದ್ದೇನೆ.

ಉದಾಹರಣೆಗೆ ಎರಡು ಸಂಗತಿಗಳನ್ನು ಉದ್ದಕ್ಕೂ ಇಟ್ಟುಕೊಳ್ಳುತ್ತೇನೆ. ಒಂದು, 2014ರ ‘ಇಂಟರ್‌ಸ್ಟೆಲ್ಲಾರ್’ ಚಿತ್ರ. ಅದರಲ್ಲಿ ವಿಜ್ಞಾನ ಮತ್ತು ಚಿತ್ರಕಥೆಯ ನಡುವೆ ನಡೆದ ಚೌಕಾಸಿ ಸಾಕಷ್ಟು ವಿವರವಾಗಿ ದಾಖಲಾಗಿದೆ. ಇನ್ನೊಂದು, ಕೋಲಾರದ ಚಿನ್ನದ ಗಣಿಯೊಳಗೆ ನಡೆದ ಕಣಭೌತವಿಜ್ಞಾನದ ಪ್ರಯೋಗ. ಅದರ ಮೇಲೆ ಒಂದು ಕಿರುಚಿತ್ರದ ಎಳೆಯನ್ನು ನಾವೇ ಇಲ್ಲಿ ಹೆಣೆಯೋಣ.

ಕೈಯಲ್ಲಿ ಇರಬೇಕಾದ ಸಾಮಗ್ರಿ

ದುಬಾರಿ ತಂತ್ರಾಂಶ ಯಾವುದೂ ಬೇಡ. ಒಂದು ನೋಟ್‌ಬುಕ್, ಕ್ಯಾಲ್ಕುಲೇಟರ್ ಮತ್ತು ಇಂಟರ್‌ನೆಟ್ ಇದ್ದರೆ ಮೊದಲ ಆರು ಹಂತಗಳು ಮುಗಿಯುತ್ತವೆ. ಭೌತವಿಜ್ಞಾನ, ಖಗೋಳವಿಜ್ಞಾನ ಮತ್ತು ಗಣಿತದ ಪ್ರಬಂಧಗಳು ‘ಆರ್ಕೈವ್’ ಎಂಬ ಮುಕ್ತ ಭಂಡಾರದಲ್ಲಿ ಉಚಿತವಾಗಿ ಸಿಗುತ್ತವೆ. ಭಾರತದ ವಿಶ್ವವಿದ್ಯಾಲಯಗಳ ಪಿಎಚ್.ಡಿ. ಮಹಾಪ್ರಬಂಧಗಳಿಗೆ ‘ಶೋಧಗಂಗಾ’ ಇದೆ. ಇದನ್ನು ಚಿತ್ರಕಥೆ ಬರೆಯುವವರು ತೆರೆದು ನೋಡುವುದೇ ಅಪರೂಪ, ಆದರೆ ಮಹಾಪ್ರಬಂಧದ ಮೊದಲ ಅಧ್ಯಾಯದಷ್ಟು ಬಿಡಿಸಿ ಹೇಳುವ ಬರಹ ಬೇರೆಲ್ಲೂ ಸಿಗುವುದಿಲ್ಲ. ಚಿತ್ರೀಕರಣದ ಹಂತ ತಲುಪಿದಾಗ ಗ್ರಾಫಿಕ್ಸ್‌ಗೆ ಉಚಿತವಾಗಿ ಸಿಗುವ ‘ಬ್ಲೆಂಡರ್’ ಸಾಕು.

ಹಂತ 1: ಸುದ್ದಿಯನ್ನು ಬಿಟ್ಟು ಪ್ರಬಂಧವನ್ನು ಹುಡುಕಿ

ಪತ್ರಿಕೆಯ ಸುದ್ದಿ ಬೆರಗನ್ನು ಉಳಿಸಿಕೊಂಡು ಷರತ್ತುಗಳನ್ನು ಕೈಬಿಡುತ್ತದೆ. ನಮಗೆ ಬೇಕಾದುದು ಆ ಷರತ್ತುಗಳೇ. ಆದ್ದರಿಂದ ಸುದ್ದಿ ಓದಿ ಕುತೂಹಲ ಹುಟ್ಟಿದ ದಿನವೇ ಅದರ ಮೂಲ ಪ್ರಬಂಧದ ಶೀರ್ಷಿಕೆ, ವರ್ಷ ಮತ್ತು ಅದು ಪ್ರಕಟವಾದ ವಿಜ್ಞಾನ ಪತ್ರಿಕೆಯ ಹೆಸರನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಿ.

ಬಳಿಕ ಆ ಫಲಿತಾಂಶವನ್ನು ಬೇರೆ ಗುಂಪುಗಳೂ ಕಂಡಿವೆಯೇ ಎಂದು ಪರಿಶೀಲಿಸಿ. ಜುಲೈ 2023ರಲ್ಲಿ ದಕ್ಷಿಣ ಕೊರಿಯಾದ ಗುಂಪೊಂದು ‘ಎಲ್‌ಕೆ-99’ ಎಂಬ ವಸ್ತು ಸಾಮಾನ್ಯ ಕೋಣೆಯ ತಾಪದಲ್ಲೇ ಸೂಪರ್‌ಕಂಡಕ್ಟರ್ (ವಿದ್ಯುತ್ತನ್ನು ತಡೆಯೇ ಇಲ್ಲದೆ ಹರಿಯಬಿಡುವ ವಸ್ತು) ಆಗುತ್ತದೆ ಎಂದು ಹೇಳಿಕೊಂಡಿತು. ಆಗಸ್ಟ್ ಮುಗಿಯುವಷ್ಟರಲ್ಲಿ ಬೇರೆ ಬೇರೆ ದೇಶಗಳ ಪ್ರಯೋಗಾಲಯಗಳು ಅದನ್ನು ತಯಾರಿಸಿ ನೋಡಿ, ಅಂಥ ಗುಣ ಕಾಣಲಿಲ್ಲವೆಂದು ವರದಿ ಮಾಡಿದವು. ಜುಲೈಯಲ್ಲಿ ಕಥೆ ಬರೆಯಲು ಕುಳಿತವರ ತಳಪಾಯವೇ ಸೆಪ್ಟೆಂಬರಿಗೆ ಇಲ್ಲವಾಯಿತು. (ಆ ಐದು ವಾರಗಳ ಆಸೆ, ಪೈಪೋಟಿ, ನಿರಾಸೆಯನ್ನೇ ಕಥೆ ಮಾಡುವ ಜಾಣರು ಇದ್ದರೆ ಅದು ಬೇರೆ ಮಾತು, ನಾನಂತೂ ಅಂಥ ಚಿತ್ರವನ್ನು ಮೊದಲ ದಿನವೇ ನೋಡುತ್ತೇನೆ.)

ಅಪಾಯದ ಸೂಚನೆ: ನಿಮ್ಮ ಕಥೆಯ ವಿಜ್ಞಾನವೆಲ್ಲ ಒಂದೇ ಒಂದು ಪ್ರಬಂಧದ ಮೇಲೆ ನಿಂತಿದ್ದು, ಆ ಪ್ರಬಂಧವನ್ನು ಬೇರೆ ಯಾರೂ ಉಲ್ಲೇಖಿಸಿರದಿದ್ದರೆ ಅಲ್ಲಿಗೇ ನಿಲ್ಲಿಸಿ.

ವಿಜ್ಞಾನ ಎಂದರೆ ಬಾಹ್ಯಾಕಾಶವೇ ಆಗಬೇಕೆಂದಿಲ್ಲ ಎಂಬುದನ್ನೂ ಇಲ್ಲೇ ಹೇಳಿಬಿಡಬೇಕು. 2016ರ ‘ಅರೈವಲ್’ ಚಿತ್ರದ ಬೆನ್ನೆಲುಬು ಭಾಷಾವಿಜ್ಞಾನ. ನಮ್ಮ ಉತ್ತರ ಕನ್ನಡದ ಕಾಡಿನಿಂದ 2014ರಲ್ಲಿ ವಿಜ್ಞಾನಲೋಕಕ್ಕೆ ಪರಿಚಯವಾದ ‘ಕುಂಬಾರ’ ಕಪ್ಪೆಯ ಗಂಡು, ತನ್ನ ಮೊಟ್ಟೆಗಳಿಗೆ ಕೈಯಾರೆ ಕೆಸರು ಮೆತ್ತುತ್ತದೆ. ಅನ್ಯಗ್ರಹದ ಜೀವಿಯೊಂದನ್ನು ರೂಪಿಸುವವರಿಗೆ ಹಾಲಿವುಡ್ಡಿನ ಹಳೆಯ ರಾಕ್ಷಸರಿಗಿಂತ ಈ ಕಪ್ಪೆ ಹೆಚ್ಚು ಕಲಿಸಬಲ್ಲದು.

ಹಂತ 2: ಓದುವ ಕ್ರಮವನ್ನು ತಿರುವುಹಾಕಿ

ಪ್ರಬಂಧವನ್ನು ಮೊದಲ ಪುಟದಿಂದ ಓದಲು ಹೋದವರು ಎರಡನೆಯ ಪುಟದ ಸಮೀಕರಣಕ್ಕೆ ಸೋತು ಮುಚ್ಚಿಡುತ್ತಾರೆ. ಮೊದಲು ಸಾರಾಂಶ, ಅನಂತರ ನೇರವಾಗಿ ಕೊನೆಯ ಭಾಗವಾದ ಚರ್ಚೆ, ಆಮೇಲೆ ಚಿತ್ರಗಳ ಅಡಿಬರಹ, ಎಲ್ಲಕ್ಕಿಂತ ಕೊನೆಗೆ ವಿಧಾನದ ಭಾಗ ಎಂಬ ಕ್ರಮದಲ್ಲಿ ಓದಿ. ಸಮೀಕರಣಗಳನ್ನು ನಿಸ್ಸಂಕೋಚವಾಗಿ ದಾಟಿಕೊಂಡು ಹೋಗಬಹುದು.

ಚರ್ಚೆಯ ಭಾಗವನ್ನು ಮಾತ್ರ ಎರಡು ಸಲ ಓದಬೇಕು. ವಿಜ್ಞಾನಿಗಳು ತಮಗೆ ಗೊತ್ತಾಗದಿದ್ದುದನ್ನು, ತಮ್ಮ ಉಪಕರಣ ಸೋತ ಜಾಗವನ್ನು, ಮುಂದೆ ಯಾರಾದರೂ ಮಾಡಬೇಕಾದುದನ್ನು ಅಲ್ಲಿ ಬರೆದಿರುತ್ತಾರೆ. ವಿಧಾನದ ಭಾಗದಲ್ಲಿ ವಸ್ತುಗಳನ್ನು ಗುರುತು ಹಾಕಿಕೊಳ್ಳಿ: ಯಾವ ಲೋಹ, ಎಷ್ಟು ತೂಕ, ಯಾವ ಕೋಣೆ, ಯಾರು ರಾತ್ರಿ ಕಾವಲಿದ್ದರು. ಕಲಾ ನಿರ್ದೇಶಕರಿಗೆ ನೀವು ಕೊಡಬೇಕಾದ ಪಟ್ಟಿ ಇಲ್ಲಿಯೇ ತಯಾರಾಗುತ್ತದೆ.

ಕೋಲಾರದ ಪ್ರಯೋಗವನ್ನು ಹೀಗೆ ಓದಿದರೆ ಏನು ಸಿಗುತ್ತದೆ ನೋಡಿ. ಚಾಂಪಿಯನ್ ರೀಫ್ ಗಣಿಯಲ್ಲಿ ನೆಲದಿಂದ ಸುಮಾರು 2.3 ಕಿಲೋಮೀಟರ್ ಕೆಳಗೆ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ, ಜಪಾನಿನ ಒಸಾಕಾ ಸಿಟಿ ಮತ್ತು ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾಲಯಗಳ ವಿಜ್ಞಾನಿಗಳು ಸೇರಿ ಪತ್ತೆಯಂತ್ರಗಳನ್ನು ಇಟ್ಟಿದ್ದರು. ಆಕಾಶದಿಂದ ಸುರಿಯುವ ಕಾಸ್ಮಿಕ್ ಕಿರಣಗಳ ಗದ್ದಲವನ್ನು ಅಷ್ಟು ದಪ್ಪದ ಬಂಡೆ ಸೋಸಿಬಿಡುತ್ತದೆ ಎಂಬುದೇ ಆಳಕ್ಕೆ ಹೋಗಲು ಕಾರಣ. ವಾತಾವರಣದಲ್ಲಿ ಹುಟ್ಟುವ, ಬಂಡೆಯನ್ನೂ ಸಲೀಸಾಗಿ ದಾಟಬಲ್ಲ ನ್ಯೂಟ್ರಿನೋ ಎಂಬ ಸೂಕ್ಷ್ಮ ಕಣಗಳ ಸುಳಿವು 1965ರಲ್ಲಿ ಇಲ್ಲಿ ಸಿಕ್ಕಿತು. ಅದೇ ವರ್ಷ ದಕ್ಷಿಣ ಆಫ್ರಿಕಾದ ಇನ್ನೊಂದು ಚಿನ್ನದ ಗಣಿಯಲ್ಲೂ ಸಿಕ್ಕಿತು. 1975ರಲ್ಲಿ ಕೋಲಾರದ ಗುಂಪು ಒಂದು ವಿಚಿತ್ರವನ್ನು ವರದಿ ಮಾಡಿತು. ಕೆಲವೇ ಕೆಲವು ಘಟನೆಗಳಲ್ಲಿ ಒಂದಕ್ಕಿಂತ ಹೆಚ್ಚು ಕಣಗಳ ಜಾಡುಗಳು ಬಂಡೆಯೊಳಗೆ ಹುಟ್ಟದೆ, ಪತ್ತೆಯಂತ್ರದ ಸಮೀಪದ ಬರಿಯ ಗಾಳಿಯಲ್ಲಿಯೇ ಒಂದು ಬಿಂದುವಿನಿಂದ ಹೊರಟಂತೆ ಕಂಡವು. ‘ಕೋಲಾರ್ ಇವೆಂಟ್ಸ್’ ಎಂಬ ಹೆಸರು ಅವಕ್ಕೆ ಅಂಟಿಕೊಂಡಿತು. ಬೇರೆಡೆ ಅವು ದೃಢಪಡಲಿಲ್ಲ. 2014ರಲ್ಲಿ ಪ್ರಕಟವಾದ ಪ್ರಬಂಧವೊಂದು, ಅವು ಡಾರ್ಕ್ ಮ್ಯಾಟರ್ (ಕಣ್ಣಿಗೆ ಕಾಣದ, ಗುರುತ್ವದಿಂದಷ್ಟೇ ಇರವು ತಿಳಿಯುವ ದ್ರವ್ಯ) ಕಣಗಳ ವಿಘಟನೆ ಆಗಿರಬಹುದೇ ಎಂಬ ಪ್ರಶ್ನೆಯನ್ನು ಮತ್ತೆ ಎತ್ತಿತು. ಈ ನಡುವೆ, 28 ಫೆಬ್ರವರಿ 2001ರಂದು ಗಣಿ ಮುಚ್ಚಿತು. ಪಂಪುಗಳು ನಿಂತ ಮೇಲೆ ಆಳದ ಸುರಂಗಗಳಲ್ಲಿ ನೀರು ತುಂಬಿಕೊಂಡಿತು.

ಹಂತ 3: ಮಿತಿಯನ್ನು ಆರಿಸಿ

ಇದು ಎಲ್ಲಕ್ಕಿಂತ ಮುಖ್ಯವಾದ ಹಂತ. ಹೆಚ್ಚಿನವರು ಇದನ್ನು ಪೂರ್ತಿಯಾಗಿ ಬಿಟ್ಟುಬಿಡುತ್ತಾರೆ.

ಓದಿದ ಪ್ರಬಂಧದಿಂದ ‘ಆಗದು’ ಎಂದು ಕೊನೆಗೊಳ್ಳುವ ವಾಕ್ಯಗಳನ್ನು ಮಾತ್ರ ಬೇರೆ ಹಾಳೆಯಲ್ಲಿ ಬರೆಯಿರಿ. ಕೋಲಾರದ ಸಂಗತಿಯಲ್ಲಿ ನನಗೆ ಸಿಕ್ಕವು ಇವು: ನ್ಯೂಟ್ರಿನೋವನ್ನು ಕರೆದು ಬರಿಸಲಾಗದು, ಕಾಯಬೇಕು. ಅದು ಬಂದು ಹೋದದ್ದನ್ನು ನೇರವಾಗಿ ನೋಡಲಾಗದು, ಅದು ಎಬ್ಬಿಸಿದ ಕಣದ ಜಾಡಷ್ಟೇ ಉಳಿಯುತ್ತದೆ. ಮುಳುಗಿದ ಆ ಗಣಿಯಲ್ಲಿ ಪ್ರಯೋಗವನ್ನು ಇನ್ನೊಮ್ಮೆ ಮಾಡಲಾಗದು. ಮೂರನೆಯ ವಾಕ್ಯದ ಮುಂದೆ ನಾನು ಗೆರೆ ಎಳೆದೆ. ಒಮ್ಮೆ ಕಂಡದ್ದನ್ನು ಮತ್ತೆ ಕಾಣುವ ದಾರಿಯೇ ಮುಚ್ಚಿಹೋಗಿದೆ ಎಂಬುದರಲ್ಲಿ ಒಂದು ಇಡೀ ಚಿತ್ರ ಅಡಗಿದೆ.

‘ಇಂಟರ್‌ಸ್ಟೆಲ್ಲಾರ್’ ತಂಡವೂ ಇದೇ ದಾರಿ ಹಿಡಿಯಿತು. ಭೌತವಿಜ್ಞಾನಿ ಕಿಪ್ ಥಾರ್ನ್ ಆರಂಭದಲ್ಲೇ ಎರಡು ಷರತ್ತುಗಳನ್ನು ಮುಂದಿಟ್ಟಿದ್ದರು: ದೃಢವಾಗಿ ಸ್ಥಾಪಿತವಾದ ಭೌತನಿಯಮಗಳನ್ನು ಚಿತ್ರ ಮುರಿಯಬಾರದು, ಊಹೆಗಳೇನಿದ್ದರೂ ವಿಜ್ಞಾನದಿಂದಲೇ ಚಿಗುರಬೇಕು. ನಿರ್ದೇಶಕ ಕ್ರಿಸ್ಟೋಫರ್ ನೋಲನ್ ಬೆಳಕಿಗಿಂತ ವೇಗವಾದ ಪ್ರಯಾಣವನ್ನು ಬಯಸಿದಾಗ ಥಾರ್ನ್ ಒಪ್ಪಲಿಲ್ಲ. ಆ ವಾದ ಸುಮಾರು ಎರಡು ವಾರ ನಡೆಯಿತು, ಕೊನೆಗೆ ಆ ಯೋಚನೆಯನ್ನು ಕೈಬಿಡಲಾಯಿತು. ಕಾಲದ ವಿಷಯದಲ್ಲಿ ನೋಲನ್ ಬಗ್ಗಲಿಲ್ಲ. ಕಪ್ಪುರಂಧ್ರದ (ಬೆಳಕನ್ನೂ ಹೊರಬಿಡದ ‘ಬ್ಲ್ಯಾಕ್ ಹೋಲ್’) ಸಮೀಪದ ಗ್ರಹದಲ್ಲಿ ಕಳೆದ ಒಂದು ಗಂಟೆ ಭೂಮಿಯ ಏಳು ವರ್ಷಕ್ಕೆ ಸಮವಾಗಲೇಬೇಕು ಎಂದರು. ಅದು ಅಸಾಧ್ಯವೆಂದೇ ಥಾರ್ನ್‌ಗೆ ಮೊದಲು ತೋರಿತ್ತು. ಕುಳಿತು ಲೆಕ್ಕ ಹಾಕಿದಾಗ ದಾರಿಯೊಂದು ಕಂಡಿತು: ಕಪ್ಪುರಂಧ್ರ ತನ್ನ ಗರಿಷ್ಠ ಸಾಧ್ಯ ವೇಗಕ್ಕಿಂತ ಕೋಟಿ ಕೋಟಿಯಲ್ಲಿ ಒಂದು ಪಾಲಿನಷ್ಟು ಮಾತ್ರ ಕಡಿಮೆ ವೇಗದಲ್ಲಿ ತಿರುಗುತ್ತಿದ್ದರೆ ಆ ಅನುಪಾತ ಸಾಧ್ಯ. ಪ್ರಕೃತಿಯಲ್ಲಿ ಅಂಥದ್ದು ಸಿಗುವುದು ತೀರ ಅಸಂಭವ, ಆದರೆ ನಿಯಮದ ಗಡಿಯೊಳಗೇ ಇದೆ. ಚಿತ್ರದ ಅತ್ಯಂತ ನೋವಿನ ದೃಶ್ಯ, ಅಪ್ಪ ಆ ಗ್ರಹದಿಂದ ನೌಕೆಗೆ ಹಿಂದಿರುಗಿ ಬರುವಷ್ಟರಲ್ಲಿ ಮಕ್ಕಳ ಇಪ್ಪತ್ತಮೂರು ವರ್ಷ ಕಳೆದುಹೋಗಿರುವುದು, ಈ ಲೆಕ್ಕದ ನೇರ ಫಲ.

ಸಾಮಾನ್ಯ ತಪ್ಪು: ಒಂದೇ ಕಥೆಗೆ ಮೂರು ನಾಲ್ಕು ಮಿತಿಗಳನ್ನು ಹೊರಿಸುವುದು. ಕಿರುಚಿತ್ರಕ್ಕೆ ಒಂದು, ಪೂರ್ಣಾವಧಿಯ ಚಿತ್ರಕ್ಕೆ ಹೆಚ್ಚೆಂದರೆ ಎರಡು.

ಹಂತ 4: ಬೆಲೆ ತೆರುವವರು ಯಾರೆಂದು ಕೇಳಿ

ಮಿತಿ ಸಿಕ್ಕಿದ ಕೂಡಲೇ ನಾಯಕ ವಿಜ್ಞಾನಿ ಎಂದು ನಿರ್ಧರಿಸುವುದು ರೂಢಿ. ಅದನ್ನು ತಡೆಹಿಡಿಯಿರಿ. ಈ ಮಿತಿಯಿಂದ ಯಾರ ಬದುಕು ಹೆಚ್ಚು ಕೆಡುತ್ತದೆ ಎಂಬ ಪ್ರಶ್ನೆಗೆ ಐದು ಬೇರೆ ಬೇರೆ ಉತ್ತರಗಳನ್ನು ಬರೆದು, ಐದನೆಯದನ್ನು ಮೊದಲು ಪರಿಗಣಿಸಿ. ಮೊದಲ ಮೂರು ಎಲ್ಲರಿಗೂ ಹೊಳೆಯುವಂಥವೇ ಆಗಿರುತ್ತವೆ.

ನಮ್ಮ ಕೋಲಾರದ ಕಥೆಗೆ ನಾನು ಆರಿಸಿಕೊಂಡದ್ದು ಗಣಿಯ ಒಬ್ಬ ನಿವೃತ್ತ ಕೆಲಸಗಾರನನ್ನು. ವಿಜ್ಞಾನಿಗಳು ಮುಂಬೈಗೆ ಹೋದ ದಿನಗಳಲ್ಲಿ ಪತ್ತೆಯಂತ್ರದ ಕೋಣೆಯನ್ನು ನೋಡಿಕೊಂಡು, ಪಾಳಿಯ ಪುಸ್ತಕದಲ್ಲಿ ಸಮಯ ಬರೆದಿಟ್ಟವನು ಅವನು ಎಂದಿಟ್ಟುಕೊಳ್ಳೋಣ. ಅವನಿಗೆ ಭೌತವಿಜ್ಞಾನ ಗೊತ್ತಿಲ್ಲ. ಆದರೆ ಏನೋ ಕಂಡಿದೆ, ಅದನ್ನು ಯಾರಿಗೂ ಮತ್ತೆ ತೋರಿಸಲಾರ.

ಹಂತ 5: ನಿಯಮಗಳ ಹಾಳೆ

ಗಾಂಧಿನಗರದ ಮಾತಿನಲ್ಲಿ ಹೇಳುವ ‘ಒನ್‌ಲೈನ್ ಆರ್ಡರ್’ (ದೃಶ್ಯಗಳನ್ನು ಒಂದೊಂದು ಸಾಲಿನಲ್ಲಿ ಕ್ರಮವಾಗಿ ಬರೆದ ಪಟ್ಟಿ) ಬರೆಯುವುದಕ್ಕೂ ಮೊದಲು ಒಂದು ಪುಟದ ನಿಯಮಗಳ ಹಾಳೆ ಸಿದ್ಧವಾಗಬೇಕು. ನಿಮ್ಮ ಕಥೆಯ ಲೋಕದಲ್ಲಿ ಏನು ಆಗಬಹುದು, ಏನು ಆಗಲಾರದು, ಪ್ರತಿಯೊಂದಕ್ಕೂ ಎಷ್ಟು ಸಮಯ, ಎಷ್ಟು ದೂರ, ಎಷ್ಟು ತೂಕ ಎಂಬುದನ್ನು ಅಂಕಿಯಲ್ಲಿ ಬರೆಯಿರಿ. ‘ಬಹಳ ದೂರ’, ‘ತುಂಬ ಬಿಸಿ’ ಎಂಬ ಮಾತುಗಳಿಗೆ ಈ ಹಾಳೆಯಲ್ಲಿ ಜಾಗವಿಲ್ಲ.

ಅಂಕಿ ಬರೆದ ಮೇಲೆ ಅದನ್ನು ಒಂದು ಸಲ ತಾಳೆ ನೋಡುವುದು ಕಡ್ಡಾಯ. ಗಂಟೆಗೆ ಏಳು ವರ್ಷ ಎಂದರೆ 7 × 365.25 × 24, ಅಂದರೆ ಕಾಲ 61 ಸಾವಿರ ಪಟ್ಟಿಗಿಂತ ಹೆಚ್ಚು ಹಿಗ್ಗಿದೆ ಎಂದರ್ಥ. ಚಿತ್ರದಲ್ಲಿ ಕಳೆದುಹೋದ ಅವಧಿ 23 ವರ್ಷ, 4 ತಿಂಗಳು, 8 ದಿನ. ಅದನ್ನು ಏಳರಿಂದ ಭಾಗಿಸಿದರೆ ಆ ಗ್ರಹದಲ್ಲಿ ಅವರು ಕಳೆದದ್ದು ಸುಮಾರು 3 ಗಂಟೆ 20 ನಿಮಿಷ ಎಂದಾಗುತ್ತದೆ. ಪರದೆಯ ಮೇಲೆ ಅಷ್ಟು ಹೊತ್ತು ತೋರಿಸಬೇಕಾಗಿಲ್ಲ, ಆದರೆ ಬರೆಯುವವರಿಗೆ ಆ ಮೂರು ಗಂಟೆಯಲ್ಲಿ ಏನೇನು ನಡೆಯಿತು ಎಂಬುದು ತಿಳಿದಿರಬೇಕು.

ತಾಳೆ ನೋಡದಿದ್ದರೆ ಏನಾಗುತ್ತದೆ ಎಂಬುದಕ್ಕೆ 2013ರ ‘ಗ್ರಾವಿಟಿ’ ಒಳ್ಳೆಯ ಪಾಠ. ಅದರ ಮೂಲ ಕಲ್ಪನೆ ಗಟ್ಟಿಯಾಗಿದೆ. ಕಕ್ಷೆಯ ಒಂದು ಡಿಕ್ಕಿಯ ಚೂರುಗಳು ಇನ್ನಷ್ಟು ಡಿಕ್ಕಿಗಳಿಗೆ ಕಾರಣವಾಗುತ್ತ ಹೋಗಬಹುದೆಂದು ಡೊನಾಲ್ಡ್ ಕೆಸ್ಲರ್ ಮತ್ತು ಬರ್ಟನ್ ಕೂರ್-ಪಲೈ 1978ರಷ್ಟು ಹಿಂದೆಯೇ ಪ್ರಬಂಧ ಬರೆದಿದ್ದರು. ಆದರೆ ಚಿತ್ರದ ಪಾತ್ರಗಳು ಹಬಲ್ ದೂರದರ್ಶಕದ ಬಳಿಯಿಂದ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣಕ್ಕೆ ಬೆನ್ನಿಗೆ ಕಟ್ಟಿಕೊಂಡ ಯಂತ್ರದ ಬಲದಿಂದ ತೇಲಿಹೋಗುತ್ತವೆ. ಹಬಲ್‌ನ ಕಕ್ಷೆ ಭೂಮಧ್ಯರೇಖೆಗೆ 28.5 ಡಿಗ್ರಿ ವಾಲಿದೆ, ನಿಲ್ದಾಣದ್ದು 51.6 ಡಿಗ್ರಿ, ಎತ್ತರದಲ್ಲೂ ಚಿತ್ರ ಬಂದ ಕಾಲಕ್ಕೆ ನೂರಕ್ಕೂ ಹೆಚ್ಚು ಕಿಲೋಮೀಟರ್ ವ್ಯತ್ಯಾಸ. ಕಕ್ಷೆಯ ವಾಲುವಿಕೆಯನ್ನು ಅಷ್ಟು ಬದಲಿಸಲು ಬೇಕಾಗುವ ಇಂಧನದ ಮುಂದೆ ಆ ಬೆನ್ನಿನ ಯಂತ್ರ ಆಟಿಕೆಯೇ ಸರಿ. ಇಷ್ಟಾದರೂ ಅಲ್ಲಿನ ಭಾವನೆಯ ಎಳೆ ಬಿಗಿಯಾಗಿದ್ದುದರಿಂದ ಚಿತ್ರ ನಿಂತಿತು. ನಿಮ್ಮ ಮೊದಲ ಕಿರುಚಿತ್ರಕ್ಕೆ ಅಂಥ ರಿಯಾಯಿತಿ ಸಿಗುತ್ತದೆಂದು ನಂಬಿ ಕೂರಬೇಡಿ.

ಹಂತ 6: ಸುಳ್ಳು ಒಂದೇ ಇರಲಿ, ಅದು ಮೊದಲೇ ಬರಲಿ

ಕಾಲ್ಪನಿಕ ಕಥೆಯಲ್ಲಿ ಸುಳ್ಳು ಇದ್ದೇ ಇರುತ್ತದೆ. ಅದನ್ನು ನೀವೇ ಆರಿಸಿದ್ದೀರೋ, ಗೊತ್ತಿಲ್ಲದೆ ನುಸುಳಿದೆಯೋ ಎಂಬುದಷ್ಟೇ ಪ್ರಶ್ನೆ. ನಿಯಮಗಳ ಹಾಳೆಯ ಕೆಳಗೆ ಗೆರೆ ಎಳೆದು, ‘ನಾನು ಬೇಕೆಂದೇ ಹೇಳುತ್ತಿರುವ ಸುಳ್ಳು’ ಎಂದು ಬರೆದು, ಒಂದೇ ವಾಕ್ಯದಲ್ಲಿ ಅದನ್ನು ದಾಖಲಿಸಿ.

2015ರ ‘ದಿ ಮಾರ್ಷಿಯನ್’ ಇದಕ್ಕೆ ಮಾದರಿ. ಕಥೆಯ ಆರಂಭದಲ್ಲಿ ಮಂಗಳ ಗ್ರಹದ ಮೇಲೆ ಬೀಸುವ ಬಿರುಗಾಳಿ ನೌಕೆಯನ್ನೇ ಉರುಳಿಸುವಷ್ಟು ಬಲಶಾಲಿ. ಆದರೆ ಮಂಗಳದ ಗಾಳಿಯ ಸಾಂದ್ರತೆ ನಮ್ಮ ಗಾಳಿಯ ಅರುವತ್ತರಲ್ಲಿ ಒಂದು ಪಾಲಿನಷ್ಟು ಮಾತ್ರ. ಗಾಳಿಯ ತಳ್ಳುಬಲ ಸಾಂದ್ರತೆಯನ್ನೂ ವೇಗದ ವರ್ಗವನ್ನೂ ಅವಲಂಬಿಸಿರುವುದರಿಂದ, ಅಲ್ಲಿ ಗಂಟೆಗೆ 100 ಕಿಲೋಮೀಟರ್ ವೇಗದ ಬಿರುಗಾಳಿ ಮೈಗೆ ತಾಗಿದರೆ ಇಲ್ಲಿನ 13 ಕಿಲೋಮೀಟರ್ ವೇಗದ ಗಾಳಿಯಂತೆ ಅನಿಸೀತು. ಸಂಜೆ ಕೆರೆ ಏರಿಯ ಮೇಲೆ ನಿಂತಾಗ ಬೀಸುವ ಗಾಳಿ ಅಷ್ಟಿರುತ್ತದೆ. ಮೂಲ ಕಾದಂಬರಿಯ ಲೇಖಕ ಆಂಡಿ ವಿಯರ್ ಇದು ತಾನು ತಿಳಿದೇ ಮಾಡಿದ ರಿಯಾಯಿತಿ ಎಂದು ಮುಚ್ಚುಮರೆಯಿಲ್ಲದೆ ಒಪ್ಪಿಕೊಂಡಿದ್ದಾರೆ. ಆ ಸುಳ್ಳು ಕಥೆಯ ಬಾಗಿಲಲ್ಲೇ ಬಂದು, ನಾಯಕನನ್ನು ಸಂಕಟಕ್ಕೆ ದೂಡಿತು. ಸಂಕಟದಿಂದ ಅವನನ್ನು ಪಾರುಮಾಡಲು ಇನ್ನೊಂದು ಸುಳ್ಳು ಬಂದಿದ್ದರೆ ಪ್ರೇಕ್ಷಕರು ಕ್ಷಮಿಸುತ್ತಿರಲಿಲ್ಲ.

ನಮ್ಮ ಕೋಲಾರದ ಕಥೆಗೆ ನಾನು ಇಟ್ಟುಕೊಂಡ ಸುಳ್ಳು ಇದು: ಆ ವಿಚಿತ್ರ ಜಾಡುಗಳು ಮೂಡಿದ ಸಮಯಗಳು ಗಣಿಯ ಪಾಳಿ ಬದಲಾಗುವ ಸಮಯಕ್ಕೆ ಸರಿಯಾಗಿ ಹೊಂದುತ್ತವೆ. ವಿಜ್ಞಾನಿಗಳ ಕಡತದಲ್ಲಿ ಸಮಯವಿದೆ, ಪಾಳಿಯ ವಿವರವಿಲ್ಲ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಬಲ್ಲವನು ಆ ಮುದುಕನೊಬ್ಬನೇ. ಇಂಥ ಹೊಂದಿಕೆ ನಿಜದಲ್ಲಿ ಕಂಡಿಲ್ಲ, ಇದು ಅಪ್ಪಟ ಕಲ್ಪನೆ. ಮಿಕ್ಕ ಗಣಿ, ಆಳ, ಯಂತ್ರ, ನೀರು ಎಲ್ಲವೂ ಇದ್ದದ್ದು ಇದ್ದ ಹಾಗೆ ಬರಬೇಕು.

ಹಂತ 7: ವಿಜ್ಞಾನಿಯ ಬಳಿಗೆ ಹೋಗುವುದು

ಈ ಹಂತ ಏಳನೆಯದಾಗಿರುವುದಕ್ಕೆ ಕಾರಣವಿದೆ. ಬರಿಗೈಯಲ್ಲಿ ಹೋಗಿ ‘ಸರ್, ಬ್ಲ್ಯಾಕ್ ಹೋಲ್ ಬಗ್ಗೆ ಏನಾದರೂ ಹೇಳಿ’ ಎಂದರೆ ಅವರು ಪಠ್ಯಪುಸ್ತಕದಲ್ಲಿರುವುದನ್ನೇ ಹೇಳಿ ಕಳುಹಿಸುತ್ತಾರೆ. ನಿಯಮಗಳ ಹಾಳೆ ಮತ್ತು ನಿಮ್ಮ ಸುಳ್ಳು ಇವೆರಡನ್ನು ಒಂದು ಪುಟದಲ್ಲಿ ಕಳುಹಿಸಿ, ಅರ್ಧ ಗಂಟೆಯ ಸಮಯ ಕೇಳಿ. ಸ್ಕ್ರಿಪ್ಟನ್ನು ಕಳುಹಿಸಬೇಡಿ, ಓದಲು ಅವರಿಗೆ ಪುರಸೊತ್ತಿರುವುದಿಲ್ಲ, ಓದಿದರೆ ಕಥೆಯ ಬಗ್ಗೆಯೇ ಸಲಹೆ ಕೊಡತೊಡಗುತ್ತಾರೆ.

ಕೇಳುವ ಪ್ರಶ್ನೆಯ ರೂಪವೇ ಉತ್ತರವನ್ನು ನಿರ್ಧರಿಸುತ್ತದೆ. ‘ಇದು ಸಾಧ್ಯವೇ ಮೇಡಂ?’ ಎಂದರೆ ‘ಇಲ್ಲ’ ಎಂಬಲ್ಲಿಗೆ ಮಾತು ಮುಗಿಯುತ್ತದೆ. ‘ಇದು ಆಗಿದೆ ಎಂದಿಟ್ಟುಕೊಳ್ಳಿ, ನಿಮ್ಮ ಲ್ಯಾಬಿನಲ್ಲಿ ಮೊದಲು ಯಾವ ಉಪಕರಣ ಅದನ್ನು ಗಮನಿಸುತ್ತದೆ? ನೀವು ಮೊದಲು ಯಾವುದರ ಮೇಲೆ ಅನುಮಾನ ಪಡುತ್ತೀರಿ?’ ಎಂದು ಕೇಳಿ. ಕೇಬಲ್ ಸಡಿಲವಾಗಿರಬಹುದು ಎಂದು ತಾವು ಮೊದಲು ಯೋಚಿಸುವುದಾಗಿ ಅವರು ಹೇಳುತ್ತಾರೆ, ಮತ್ತು ಆ ಒಂದು ಮಾತು ನಿಮ್ಮ ದೃಶ್ಯಕ್ಕೆ ಹತ್ತು ಪುಟದ ವಿವರಣೆಗಿಂತ ಹೆಚ್ಚು ಜೀವ ಕೊಡುತ್ತದೆ.

ಬೆಂಗಳೂರಿನವರಿಗೆ ಒಂದು ಅನುಕೂಲವಿದೆ. ಭಾರತೀಯ ವಿಜ್ಞಾನ ಸಂಸ್ಥೆ ವರ್ಷಕ್ಕೊಮ್ಮೆ ಸಾರ್ವಜನಿಕರಿಗೆ ಬಾಗಿಲು ತೆರೆಯುವ ದಿನ ಸಂಶೋಧನಾ ವಿದ್ಯಾರ್ಥಿಗಳೇ ತಮ್ಮ ಯಂತ್ರಗಳ ಪಕ್ಕ ನಿಂತು ವಿವರಿಸುತ್ತಾರೆ. ಹಿರಿಯ ಪ್ರಾಧ್ಯಾಪಕರಿಗಿಂತ ಈ ವಿದ್ಯಾರ್ಥಿಗಳನ್ನು ಮಾತನಾಡಿಸುವುದೇ ನಿಮಗೆ ಹೆಚ್ಚು ಲಾಭ, ಏಕೆಂದರೆ ರಾತ್ರಿ ಎರಡು ಗಂಟೆಗೆ ಯಂತ್ರದ ಮುಂದೆ ಕೂರುವವರು ಅವರೇ. ನೆರವಾದವರ ಹೆಸರನ್ನು ಅವರ ಒಪ್ಪಿಗೆ ಪಡೆದೇ ಟೈಟಲ್ ಕಾರ್ಡಿನಲ್ಲಿ ಹಾಕಿ. ತಮ್ಮ ಹೆಸರು ಬೇಡವೆನ್ನುವ ಹಕ್ಕೂ ಅವರಿಗಿದೆ.

ಹಂತ 8: ದತ್ತಾಂಶವನ್ನು ಕಣ್ಣಿಗೂ ಕಿವಿಗೂ ಒಗ್ಗಿಸುವುದು

ದೃಶ್ಯದ ವಿಷಯದಲ್ಲಿ ನಿಖರತೆಗೂ ಸ್ಪಷ್ಟತೆಗೂ ಜಗಳ ಬರುವುದು ಖಚಿತ. ‘ಇಂಟರ್‌ಸ್ಟೆಲ್ಲಾರ್’ ಕಪ್ಪುರಂಧ್ರಕ್ಕಾಗಿ ಡಬಲ್ ನೆಗೆಟಿವ್ ಎಂಬ ಗ್ರಾಫಿಕ್ಸ್ ಕಂಪನಿಯ ತಂಡ ಥಾರ್ನ್ ಕೊಟ್ಟ ಸಮೀಕರಣಗಳ ಮೇಲೆ ಹೊಸ ತಂತ್ರಾಂಶವನ್ನೇ ಬರೆಯಿತು. ಕೆಲವು ಫ್ರೇಮುಗಳ ರೆಂಡರಿಂಗ್‌ಗೆ ನೂರು ಗಂಟೆಯವರೆಗೂ ಹಿಡಿಯಿತು. ಆ ಕೆಲಸದ ಮೇಲೆ ಅವರೇ 2015ರಲ್ಲಿ ‘ಕ್ಲಾಸಿಕಲ್ ಅಂಡ್ ಕ್ವಾಂಟಮ್ ಗ್ರಾವಿಟಿ’ ಪತ್ರಿಕೆಯಲ್ಲಿ ಪ್ರಬಂಧ ಪ್ರಕಟಿಸಿದರು. ಇಷ್ಟೆಲ್ಲ ಮಾಡಿದವರೂ ಎರಡು ಕಡೆ ಬೇಕೆಂದೇ ನಿಖರತೆಯನ್ನು ಸಡಿಲಿಸಿದರು. ಕಪ್ಪುರಂಧ್ರದ ಸುತ್ತ ತಿರುಗುವ ಬಿಸಿ ಅನಿಲದ ತಟ್ಟೆಯ ಒಂದು ಬದಿ ನಮ್ಮತ್ತ ಧಾವಿಸುವುದರಿಂದ ಹೆಚ್ಚು ಪ್ರಖರವಾಗಿ ಹೊಳೆಯಬೇಕು, ಇನ್ನೊಂದು ಬದಿ ಮಂಕಾಗಬೇಕು. ಒಂದೇ ಬದಿ ಹೊಳೆಯುವ ಬಿಂಬ ಪ್ರೇಕ್ಷಕರನ್ನು ಗೊಂದಲಕ್ಕೀಡುಮಾಡುತ್ತದೆಂದು ಚಿತ್ರದಲ್ಲಿ ಆ ವ್ಯತ್ಯಾಸವನ್ನು ಬಿಟ್ಟುಬಿಟ್ಟರು. ಹಾಗೆಯೇ ಬಿಂಬಕ್ಕಾಗಿ ಕಪ್ಪುರಂಧ್ರದ ತಿರುಗುವಿಕೆಯನ್ನು ಗರಿಷ್ಠದ 0.6 ಪಾಲಿಗೆ ಇಳಿಸಿದರು. ಗಮನಿಸಬೇಕಾದ ಸಂಗತಿ, ಅವರು ಮೊದಲು ಸರಿಯಾದ ಬಿಂಬವನ್ನು ಕಟ್ಟಿ ನೋಡಿ, ಆಮೇಲೆ ತೆಗೆದರು. ತೆಗೆದದ್ದನ್ನು ಪ್ರಬಂಧದಲ್ಲಿ ಬರೆದೂ ಇಟ್ಟರು.

ನಮ್ಮ ಬಜೆಟ್ಟಿಗೆ ನೂರು ಗಂಟೆಯ ಫ್ರೇಮು ಎಟುಕದು. ಅದರ ಅಗತ್ಯವೂ ಇಲ್ಲ. ಸೆಪ್ಟೆಂಬರ್ 2019ರಲ್ಲಿ ಚಂದ್ರಯಾನ-2 ಇಳಿಯಬೇಕಿದ್ದ ರಾತ್ರಿ ಬೆಂಗಳೂರಿನ ಪೀಣ್ಯದ ಇಸ್ರೋ ಕೇಂದ್ರವಾದ ಇಸ್ಟ್ರಾಕ್‌ನಿಂದ ನೇರ ಪ್ರಸಾರ ನೋಡಿದವರಿಗೆ ನೆನಪಿರುತ್ತದೆ: ವಿಕ್ರಮ್ ಲ್ಯಾಂಡರ್‌ನ ಸಂಪರ್ಕ ಚಂದ್ರನ ನೆಲದಿಂದ 2.1 ಕಿಲೋಮೀಟರ್ ಎತ್ತರದವರೆಗೆ ಇದ್ದು ಕಡಿದುಹೋಯಿತು ಎಂಬ ಪ್ರಕಟಣೆ ಬರುವ ಮೊದಲೇ, ಪರದೆಯ ಮೇಲಿನ ಹಸಿರು ಚುಕ್ಕೆ ತನ್ನ ಗೆರೆಯಿಂದ ಸರಿದದ್ದನ್ನು ನೋಡಿ ಎಲ್ಲರ ಎದೆ ಧಸಕ್ಕೆಂದಿತ್ತು. ಒಂದು ಗೆರೆ, ಒಂದು ಚುಕ್ಕೆ, ಮೌನವಾದ ಕೋಣೆ. ಅಷ್ಟಕ್ಕೆ ತಗಲುವ ಖರ್ಚು ಎಷ್ಟೆಂದು ನೀವೇ ಲೆಕ್ಕ ಹಾಕಿ.

ಧ್ವನಿ ಇನ್ನೂ ಅಗ್ಗ, ಆದರೂ ಅದನ್ನು ಎಲ್ಲರೂ ಕೊನೆಗೆ ತಳ್ಳುತ್ತಾರೆ. ಬೆಂಗಳೂರಿನವರೇ ಆದ ಸಿ. ವಿ. ವಿಶ್ವೇಶ್ವರ ಅವರು, ಕದಡಿದ ಕಪ್ಪುರಂಧ್ರವು ಬಡಿದ ಗಂಟೆಯಂತೆ ನಿರ್ದಿಷ್ಟ ಕಂಪನಗಳಲ್ಲಿ ಮೊಳಗಿ ಅಡಗುತ್ತದೆಂದು 1970ರಲ್ಲಿ ಲೆಕ್ಕದಿಂದ ತೋರಿಸಿದ್ದರು. 14 ಸೆಪ್ಟೆಂಬರ್ 2015ರಂದು ಅಮೆರಿಕದ ಲೈಗೋ ಯಂತ್ರಗಳು ಹಿಡಿದ, ಎರಡು ಕಪ್ಪುರಂಧ್ರಗಳು ಕೂಡಿದಾಗ ಎದ್ದ ಗುರುತ್ವ ಅಲೆಯ ಕೊನೆಯ ತುಣುಕಿನಲ್ಲಿ ಅಂಥ ಮೊಳಗು ಸೂಕ್ಷ್ಮವಾಗಿ ಕಂಡಿತು. ಆ ಸಂಕೇತ ಇದ್ದದ್ದು ಸೆಕೆಂಡಿನ ಐದನೆಯ ಒಂದು ಭಾಗದಷ್ಟು ಹೊತ್ತು ಮಾತ್ರ. ಅದರ ಕಂಪನಾಂಕ ಸುಮಾರು 35ರಿಂದ 250 ಹರ್ಟ್ಜ್, ಅಂದರೆ ಸ್ಪೀಕರಿನಲ್ಲಿ ನುಡಿಸಿದರೆ ಮನುಷ್ಯರ ಕಿವಿಗೆ ಕೇಳುವ ವ್ಯಾಪ್ತಿಯಲ್ಲೇ ಇದೆ. ಆ ದತ್ತಾಂಶ ಸಾರ್ವಜನಿಕವಾಗಿ ಲಭ್ಯ. ಕಂಪ್ಯೂಟರಿನ ಸಿದ್ಧ ‘ಸ್ಪೇಸ್ ಸೌಂಡ್’ ಕಡತಗಳನ್ನು ಕೊಳ್ಳುವ ಮೊದಲು ನೈಜ ದತ್ತಾಂಶವನ್ನು ಧ್ವನಿಯಾಗಿಸಿ ಕೇಳಿ ನೋಡಿ. ಕೋಲಾರದ ಕಥೆಯಲ್ಲಾದರೆ ನನಗೆ ಬೇಕಾಗಿರುವುದು ಪಾಳಿಯ ಸೈರನ್, ಕೆಲಸಗಾರರನ್ನು ಇಳಿಸುವ ಕೇಜಿನ ಕಬ್ಬಿಣದ ಕರಕರ ಮತ್ತು ಒತ್ತಡಕ್ಕೆ ಬಂಡೆ ಸಿಡಿಯುವ, ಗಣಿಯವರೆಲ್ಲ ಹೆದರುತ್ತಿದ್ದ ‘ರಾಕ್ ಬರ್ಸ್ಟ್’ನ ದೂರದ ಗುಡುಗು.

ಚಿತ್ರೀಕರಣದ ಎಚ್ಚರಿಕೆ: ಕೆಜಿಎಫ್‌ನ ಹಳೆಯ ಶಾಫ್ಟುಗಳ ಬಳಿ ಯಾವ ಕಾರಣಕ್ಕೂ ಕ್ಯಾಮೆರಾ ಹಿಡಿದು ಇಳಿಯಲು ಹೋಗಬೇಡಿ. ಸೈನೈಡ್ ದಿಬ್ಬಗಳು (ಚಿನ್ನ ತೆಗೆದ ಮೇಲೆ ಉಳಿದ ಪುಡಿಯ ರಾಶಿಗಳು) ಕಣ್ಣಿಗೆ ಅನ್ಯಗ್ರಹದಂತೆ ಕಂಡರೂ ಅಲ್ಲಿನ ಧೂಳು ಶ್ವಾಸಕ್ಕೆ ಒಳ್ಳೆಯದಲ್ಲ. ಅನುಮತಿ ಮತ್ತು ಮಾಸ್ಕ್ ಎರಡೂ ಇರಲಿ. ಇನ್ನೊಬ್ಬರ ಪ್ರಬಂಧದ ಚಿತ್ರಗಳನ್ನು ಅನುಮತಿಯಿಲ್ಲದೆ ನೇರವಾಗಿ ಪರದೆಯ ಮೇಲೆ ತೋರಿಸುವಂತಿಲ್ಲ ಎಂಬುದೂ ನೆನಪಿರಲಿ. ಕಲ್ಪನೆಗೂ ಅಂಕಿಗೂ ಹಕ್ಕುಸ್ವಾಮ್ಯವಿಲ್ಲ, ಚಿತ್ರಕ್ಕೂ ಬರಹಕ್ಕೂ ಇದೆ.

ಹಂತ 9: ಸಂಭಾಷಣೆಯಿಂದ ವಿಜ್ಞಾನವನ್ನು ತೆಗೆಯಿರಿ

ಮೊದಲ ಕರಡು ಮುಗಿದ ಮೇಲೆ ಬಣ್ಣದ ಪೆನ್ನು ಹಿಡಿದು, ವಿಜ್ಞಾನವನ್ನು ವಿವರಿಸುವ ಪ್ರತಿಯೊಂದು ಸಂಭಾಷಣೆಯ ಕೆಳಗೂ ಗೆರೆ ಎಳೆಯಿರಿ. ಗೆರೆ ಎಳೆದ ಮಾತನ್ನು ತೆಗೆದರೂ ದೃಶ್ಯ ಅರ್ಥವಾದರೆ ಅದು ಹೋಗಲಿ. ಅರ್ಥವಾಗದಿದ್ದರೆ ಆ ಮಾಹಿತಿಯನ್ನು ವಸ್ತುವಿಗೆ ವರ್ಗಾಯಿಸಿ: ಗೋಡೆಯ ಗಡಿಯಾರ, ಪುಸ್ತಕದ ಒಂದು ಸಾಲು, ಕೆಟ್ಟುಹೋದ ಮೀಟರು. ಅದೂ ಆಗದಿದ್ದರೆ ಮಾತ್ರ ಸಂಭಾಷಣೆಯಲ್ಲಿ ಉಳಿಸಿಕೊಂಡು, ಅದನ್ನು ಜಗಳದ ಭಾಗವಾಗಿ ಬರೆಯಿರಿ. ಇಬ್ಬರಿಗೂ ಗೊತ್ತಿರುವುದನ್ನು ಒಬ್ಬರಿಗೊಬ್ಬರು ವಿವರಿಸಿಕೊಳ್ಳುವ ದೃಶ್ಯ ಎಲ್ಲೇ ಇದ್ದರೂ ಅಳಿಸಿಹಾಕಿ.

ಕನ್ನಡದಲ್ಲಿ ಇನ್ನೊಂದು ತೊಡಕಿದೆ. ಪ್ರಯೋಗಾಲಯದಲ್ಲಿ ಯಾರೂ ‘ದೂರದರ್ಶಕ’, ‘ಪತ್ತೆಯಂತ್ರ’ ಎಂದು ಮಾತನಾಡುವುದಿಲ್ಲ. ‘ಡಿಟೆಕ್ಟರ್ ಟ್ರಿಪ್ ಆಯ್ತು’ ಎನ್ನುತ್ತಾರೆ. ಬರಹದ ಕನ್ನಡ ಬೇರೆ, ಪಾತ್ರದ ಬಾಯಿಯ ಕನ್ನಡ ಬೇರೆ. ಕೆಜಿಎಫ್‌ನ ಕೆಲಸಗಾರನ ಪಾತ್ರವಾದರೆ ತಮಿಳು, ತೆಲುಗು ಬೆರೆತ ಮಾತೇ ಸಹಜ. ಅಲ್ಲಿ ಶುದ್ಧ ಗ್ರಂಥಭಾಷೆ ಹಾಕಿದರೆ ನಿಮ್ಮ ವಿಜ್ಞಾನ ಎಷ್ಟೇ ಸರಿಯಿದ್ದರೂ ಪ್ರೇಕ್ಷಕರು ಆ ಕ್ಷಣದಿಂದ ಯಾವುದನ್ನೂ ನಂಬುವುದಿಲ್ಲ.

ಹಂತ 10: ಕೊನೆಯ ತಪಾಸಣೆ

ಸ್ಕ್ರಿಪ್ಟನ್ನು ಇಬ್ಬರಿಗೆ ಓದಲು ಕೊಡಿ. ವಿಜ್ಞಾನ ಓದಿದವರಿಗೆ ಎಲ್ಲಿ ಸಿಟ್ಟು ಬಂತು ಎಂದು ಕೇಳಿ. ಓದದವರಿಗೆ ಎಲ್ಲಿ ಬೇಸರವಾಯಿತು ಎಂದು ಕೇಳಿ. ಮೊದಲನೆಯವರ ಸಿಟ್ಟು ನೀವು ಹಾಳೆಯಲ್ಲಿ ದಾಖಲಿಸಿದ ಸುಳ್ಳಿನ ಮೇಲೆಯೇ ಇದ್ದರೆ ಚಿಂತೆಯಿಲ್ಲ, ಬೇರೆಡೆ ಇದ್ದರೆ ಐದನೆಯ ಹಂತಕ್ಕೆ ಹಿಂದಿರುಗಬೇಕು. ಎರಡನೆಯವರ ಬೇಸರ ಸಾಮಾನ್ಯವಾಗಿ ನೀವು ಅತಿ ಹೆಚ್ಚು ಓದಿಕೊಂಡು ಬರೆದ ಪುಟದಲ್ಲೇ ಇರುತ್ತದೆ.

ವಿಜ್ಞಾನ ಮುಂದೆ ಬದಲಾದರೆ ಏನು ಗತಿ ಎಂದು ಹಲವರು ಕೇಳುತ್ತಾರೆ. ಅಂಬರ್ ಎಂಬ ಗಟ್ಟಿಯಾದ ಮರದಂಟಿನೊಳಗೆ ಸಿಕ್ಕಿದ ಸೊಳ್ಳೆಯಿಂದ ಡೈನೋಸಾರನ್ನು ಎಬ್ಬಿಸುವ ‘ಜುರಾಸಿಕ್ ಪಾರ್ಕ್’ ಚಿತ್ರ 1993ರಲ್ಲಿ ಬಂತು. ಮೂಳೆಯಲ್ಲಿ ಉಳಿದ ಡಿಎನ್‌ಎ 521 ವರ್ಷಗಳಿಗೊಮ್ಮೆ ಅರ್ಧದಷ್ಟು ಕಳಚಿಹೋಗುತ್ತದೆಂದು ನ್ಯೂಜಿಲೆಂಡಿನ ಮೋವಾ ಪಕ್ಷಿಯ ಮೂಳೆಗಳ ಅಧ್ಯಯನ 2012ರಲ್ಲಿ ಅಂದಾಜಿಸಿತು. ಆ ಲೆಕ್ಕದಲ್ಲಿ ಆರೂವರೆ ಕೋಟಿ ವರ್ಷಗಳ ಬಳಿಕ ಓದಬಹುದಾದ ಡಿಎನ್‌ಎ ಏನೂ ಉಳಿಯದು. ಚಿತ್ರವನ್ನು ಜನ ಇಂದಿಗೂ ನೋಡುತ್ತಾರೆ, ಏಕೆಂದರೆ ಅದು ಬರೆಯುವ ಹೊತ್ತಿಗೆ ಗೊತ್ತಿದ್ದುದರ ಜೊತೆ ಪ್ರಾಮಾಣಿಕವಾಗಿ ನಡೆದುಕೊಂಡಿತ್ತು. ಆದ್ದರಿಂದ ನಿಯಮಗಳ ಹಾಳೆಯ ಮೇಲೆ ದಿನಾಂಕ ಹಾಕಿ, ಚಿತ್ರೀಕರಣದ ಹಿಂದಿನ ವಾರ ಆ ವಿಷಯದ ಹೊಸ ಪ್ರಬಂಧಗಳನ್ನು ಇನ್ನೊಮ್ಮೆ ಹುಡುಕಿ ನೋಡಿ. ಅಲ್ಲಿಯವರೆಗೆ ಬಂದದ್ದಕ್ಕೆ ಮಾತ್ರ ನೀವು ಉತ್ತರದಾಯಿ.